ಒಂದೇ ತೂಕದ ಯಂತ್ರವನ್ನು ಎರಡು ತಂತ್ರಾಂಶಗಳು ಓದಬೇಕು: ವರ್ಚುವಲ್ ಸೀರಿಯಲ್ ಪೋರ್ಟ್ ಸರಿಯಾದ ದಾರಿಯೇ?

ತುಂಗಾತೀರ (ಪ್ರಶ್ನೆ)

ಎಲ್ಲರಿಗೂ ನಮಸ್ಕಾರ. ಶಿವಮೊಗ್ಗದ ಎಪಿಎಂಸಿ ಪ್ರಾಂಗಣದಲ್ಲಿರುವ ಒಂದು ಅಡಿಕೆ ಮಂಡಿಯ ಕಂಪ್ಯೂಟರುಗಳನ್ನು ನಾನು ನೋಡಿಕೊಳ್ಳುತ್ತೇನೆ. ನನ್ನ ವಾಸ ತೀರ್ಥಹಳ್ಳಿಯಲ್ಲಿ. ಮಂಡಿಯ ಎಲೆಕ್ಟ್ರಾನಿಕ್ ತೂಕದ ಯಂತ್ರದ ಹಿಂಬದಿಯಲ್ಲಿ ಒಂಬತ್ತು ಪಿನ್ನಿನ ಸೀರಿಯಲ್ ಕಿಂಡಿಯಿದ್ದು, ಅಲ್ಲಿಂದ ಹೊರಟ ಕೇಬಲ್ ಯುಎಸ್‌ಬಿ ಪರಿವರ್ತಕದ ಮೂಲಕ ವಿಂಡೋಸ್ 10 ಇರುವ ಕಂಪ್ಯೂಟರಿಗೆ ಸೇರುತ್ತದೆ. ಅಲ್ಲಿ ಅದರ ಹೆಸರು ಕಾಮ್ 3. ಬಿಲ್ಲಿಂಗ್ ತಂತ್ರಾಂಶ ಬಹಳ ಹಳೆಯದು. ಬರೆದವರು ಈಗ ಆ ಕೆಲಸದಲ್ಲಿಲ್ಲ, ಮೂಲಸಂಕೇತವೂ ನಮ್ಮ ಬಳಿ ಇಲ್ಲ. ಅದರ ಆಯ್ಕೆಪಟ್ಟಿಯಲ್ಲಿ ಕಾಮ್ 1ರಿಂದ ಕಾಮ್ 4ರವರೆಗೆ ಮಾತ್ರ ಕಾಣುತ್ತದೆ.

ರಾಶಿ, ಬೆಟ್ಟೆ, ಸರಕು, ಗೊರಬಲು ಎಂದು ಬಗೆವಾರು ದಾಸ್ತಾನನ್ನು ಚೀಲಕ್ಕೆ ಚೀಲ ಬರೆದಿಡುವ ಇನ್ನೊಂದು ತಂತ್ರಾಂಶವನ್ನು ನಾನು ಈಗ ಸಿದ್ಧಪಡಿಸುತ್ತಿದ್ದೇನೆ, ಅದಕ್ಕೂ ಅದೇ ತೂಕ ಅದೇ ಕ್ಷಣಕ್ಕೆ ಬೇಕು. ಆದರೆ ಹಳೆಯದು ತೆರೆದಿರುವಾಗ ನನ್ನದು ಕಾಮ್ 3ನ್ನು ತೆರೆಯಲು ಹೋದರೆ ಪ್ರವೇಶವಿಲ್ಲ ಎಂಬ ದೋಷ, ಸಂಖ್ಯೆ 5, ಬರುತ್ತದೆ. ಸದ್ಯಕ್ಕೆ ಗುಮಾಸ್ತರು ತೂಕವನ್ನು ಎರಡನೆಯ ಸಲ ಕೈಯಿಂದ ಬೆರಳಚ್ಚಿಸುತ್ತಿದ್ದಾರೆ. ಸಂಜೆ ಹೊತ್ತಿಗೆ ಎರಡೂ ಲೆಕ್ಕ ತಾಳೆಯಾಗುವುದಿಲ್ಲ.

ವರ್ಚುವಲ್ ಸೀರಿಯಲ್ ಪೋರ್ಟ್ ಎಂಬ ತಂತ್ರಾಂಶಗಳು ಇದಕ್ಕೆ ಉಪಯೋಗಕ್ಕೆ ಬರುತ್ತವೆಯೇ? ಜೊತೆಗೆ, ಪ್ರತಿ ಸಣ್ಣ ತಿದ್ದುಪಡಿಗೂ ಮಳೆಯಲ್ಲಿ ಶಿವಮೊಗ್ಗಕ್ಕೆ ಹೋಗಿಬರುವುದು ಆಗದ ಮಾತು. ಮನೆಯಲ್ಲೇ, ಯಂತ್ರವಿಲ್ಲದೆ, ತೂಕ ಬರುತ್ತಿರುವಂತೆ ತೋರಿಸಿ ಪರೀಕ್ಷಿಸಲು ಸಾಧ್ಯವೇ ಎಂಬುದನ್ನೂ ತಿಳಿದವರು ದಯವಿಟ್ಟು ಹೇಳಬೇಕು.

ಹಳೆಯ ಮೋಡೆಮ್, ಸಾಗರ

ತುಂಗಾತೀರ ಅವರೇ, ನಿಮಗೆ ಬಂದ ದೋಷ ನಿಮ್ಮ ಕೋಡಿನ ತಪ್ಪಲ್ಲ. ವಿಂಡೋಸಿನಲ್ಲಿ ಕಡತವನ್ನು ನಾಲ್ಕು ತಂತ್ರಾಂಶಗಳು ಹಂಚಿಕೊಂಡು ತೆರೆಯಬಹುದು. ಸೀರಿಯಲ್ ಪೋರ್ಟಿಗೆ ಆ ಸೌಲಭ್ಯವಿಲ್ಲ. ಮೊದಲು ತೆರೆದವರದ್ದೇ ಪೋರ್ಟು, ಅವರು ಮುಚ್ಚುವವರೆಗೆ ಉಳಿದವರು ಹೊರಗೆ. ಇದು ನ್ಯಾಯವೂ ಹೌದು, ಏಕೆಂದರೆ ತಂತಿಯಲ್ಲಿ ಬಂದ ಬೈಟನ್ನು ಒಬ್ಬರು ಓದಿದರೆ ಅದು ಮುಗಿಯಿತು, ಇನ್ನೊಬ್ಬರಿಗೆ ಉಳಿಯುವುದಿಲ್ಲ.

ವರ್ಚುವಲ್ ಪೋರ್ಟ್ ಎಂಬ ಒಂದೇ ಹೆಸರಿನಡಿ ಮೂರು ಬೇರೆಬೇರೆ ವಸ್ತುಗಳು ಚಲಾವಣೆಯಲ್ಲಿರುವುದರಿಂದ ಹೊಸಬರು ದಾರಿ ತಪ್ಪುತ್ತಾರೆ. ಮೊದಲನೆಯದು ಜೋಡಿ. ಕಾಮ್-ಝೀರೋ-ಕಾಮ್ ಎಂಬ ಮುಕ್ತ ತಂತ್ರಾಂಶ ಮಾಡುವುದು ಇದನ್ನೇ: ಇಲ್ಲದ ಎರಡು ಪೋರ್ಟುಗಳನ್ನು ಹುಟ್ಟಿಸಿ, ಅವುಗಳ ನಡುವೆ ಇಲ್ಲದ ಒಂದು ನಲ್-ಮೋಡೆಮ್ ಕೇಬಲನ್ನು (ಕಳುಹಿಸುವ ಮತ್ತು ಪಡೆಯುವ ತಂತಿಗಳು ಅಡ್ಡಬದಲಾದ ಕೇಬಲು) ಕಟ್ಟುತ್ತದೆ. ಒಂದು ತುದಿಯಲ್ಲಿ ಬರೆದದ್ದು ಇನ್ನೊಂದು ತುದಿಯಲ್ಲಿ ಓದಲು ಸಿಗುತ್ತದೆ. ಒಂದು ಬದಿಯ ಆರ್‌ಟಿಎಸ್ (ಕಳುಹಿಸಲೇ ಎಂದು ಕೇಳುವ ತಂತಿ) ಎತ್ತಿದರೆ ಎದುರು ಬದಿಯ ಸಿಟಿಎಸ್ (ಕಳುಹಿಸು ಎಂದು ಒಪ್ಪಿಗೆ ಕೊಡುವ ತಂತಿ) ಏಳುತ್ತದೆ. ಎರಡನೆಯದು ಹಂಚುವ ತಂತ್ರಾಂಶ. ಹಬ್-ಫೋರ್-ಕಾಮ್ ಎಂಬುದು ಕಾಮ್-ಝೀರೋ-ಕಾಮ್ ಯೋಜನೆಯ ಜೊತೆಯಲ್ಲೇ ಬರುತ್ತದೆ. ಅದು ನಿಜವಾದ ಪೋರ್ಟನ್ನು ತಾನೊಬ್ಬನೇ ತೆರೆದುಕೊಂಡು, ಬಂದದ್ದನ್ನು ನೀವು ಹೇಳಿದಷ್ಟು ಪೋರ್ಟುಗಳಿಗೆ ಪ್ರತಿ ಮಾಡಿ ಕಳುಹಿಸುತ್ತದೆ. ಮೂರನೆಯದು, ಬೇರೆ ಕಟ್ಟಡದಲ್ಲಿರುವ ಪೋರ್ಟನ್ನು ನೆಟ್‌ವರ್ಕ್ ಮೂಲಕ ಇಲ್ಲಿಯದೇ ಎಂಬಂತೆ ತೋರಿಸುವುದು. ಅದಕ್ಕೆ 1997ರಲ್ಲಿ ಪ್ರಕಟವಾದ ಆರ್‌ಎಫ್‌ಸಿ 2217 ಎಂಬ ಒಪ್ಪಿತ ಕ್ರಮವಿದೆ.

ನಿಮಗೆ ಬೇಕಾದದ್ದು ಮೊದಲನೆಯ ಎರಡು. ಯುಎಸ್‌ಬಿ ಪರಿವರ್ತಕದ ಹೆಸರನ್ನು ಡಿವೈಸ್ ಮ್ಯಾನೇಜರಿನ ಸುಧಾರಿತ ಸೆಟ್ಟಿಂಗಿನಲ್ಲಿ ಕಾಮ್ 3ರಿಂದ ಕಾಮ್ 8ಕ್ಕೆ ಬದಲಿಸಿ. ಎರಡು ಜೋಡಿಗಳನ್ನು ಮಾಡಿ. ಮೊದಲ ಜೋಡಿಯ ಹೊರತುದಿಗೆ ಕಾಮ್ 3 ಎಂದು ಹೆಸರಿಟ್ಟರೆ ಹಳೆಯ ಬಿಲ್ಲಿಂಗ್ ತಂತ್ರಾಂಶಕ್ಕೆ ಏನೂ ಬದಲಾದಂತೆ ಗೊತ್ತಾಗುವುದಿಲ್ಲ. ಎರಡನೆಯದರ ಹೊರತುದಿ ಕಾಮ್ 5 ನಿಮ್ಮದು. ಎರಡೂ ಜೋಡಿಗಳ ಒಳತುದಿಗಳನ್ನು ಹಬ್ ಹಿಡಿದುಕೊಳ್ಳಲಿ. ಸಂಖ್ಯೆಗಳನ್ನು 9ರ ಒಳಗೇ ಇಟ್ಟುಕೊಳ್ಳಿ, ಏಕೆಂದರೆ ಕಾಮ್ 10 ಮತ್ತು ಮೇಲಿನವುಗಳನ್ನು ತೆರೆಯಲು ಹೆಸರಿಗೆ ಮೊದಲು ವಿಶೇಷ ಪೂರ್ವಪದ ಬೇಕಾಗುತ್ತದೆ, ಅದನ್ನು ಮರೆತು ಬರೆದ ತಂತ್ರಾಂಶಗಳೇ ಹೆಚ್ಚು.

ಎರಡು ಎಚ್ಚರಿಕೆ. ತೂಕದ ಯಂತ್ರದ ಕೇಬಲಿನಲ್ಲಿ ಸಾಮಾನ್ಯವಾಗಿ 2, 3 ಮತ್ತು 5ನೆಯ ಪಿನ್ನುಗಳ ಮೂರೇ ತಂತಿಗಳಿರುತ್ತವೆ, ಆದ್ದರಿಂದ ಹಬ್‌ನಲ್ಲಿ ಸಿಟಿಎಸ್ ಕಾಯುವ ಆಯ್ಕೆಯನ್ನು ಆಫ್ ಮಾಡಿಬಿಡಿ. ಇಲ್ಲದಿದ್ದರೆ ಅದು ಎಂದೂ ಬಾರದ ಒಪ್ಪಿಗೆಗಾಗಿ ಕಾಯುತ್ತಿರುತ್ತದೆ. ಇನ್ನೊಂದು, ದಾರಿಯನ್ನು ಯಂತ್ರದಿಂದ ನಿಮ್ಮ ತಂತ್ರಾಂಶದ ಕಡೆಗೆ ಮಾತ್ರ ಬಿಡಿ. ಹಳೆಯದು ಯಂತ್ರಕ್ಕೆ ಶೂನ್ಯಗೊಳಿಸುವ ಆದೇಶವನ್ನೇನಾದರೂ ಕಳುಹಿಸುತ್ತಿದ್ದರೆ ಅದಕ್ಕೊಂದಕ್ಕೆ ಹಿಂದಿರುಗುವ ದಾರಿಯಿರಲಿ. ಎರಡು ಬಾಯಿಗಳು ಒಟ್ಟಿಗೆ ಆದೇಶ ಕೊಟ್ಟರೆ ಯಂತ್ರ ಯಾರ ಮಾತು ಕೇಳಬೇಕು?

ಕೊಡಚಾದ್ರಿ ಸಂಕೇತ, ಹೊಸನಗರ

ಮೇಲಿನವರು ಹೇಳಿದ್ದರಲ್ಲಿ ತಪ್ಪಿಲ್ಲ, ಆದರೆ ನನ್ನ ಅಭಿಪ್ರಾಯ ಬೇರೆ. ವರ್ಚುವಲ್ ಪೋರ್ಟ್ ಎಂಬುದು ಬದಲಿಸಲಾಗದ ತಂತ್ರಾಂಶಗಳಿಗಾಗಿ ಇರುವ ಊರುಗೋಲು. ಇಲ್ಲಿ ಬದಲಿಸಲಾಗದ್ದು ಒಂದೇ ಇದೆ. ಇನ್ನೊಂದನ್ನು ಬರೆಯುತ್ತಿರುವವರು ನೀವೇ. ಹಾಗಿರುವಾಗ ಎರಡಕ್ಕೂ ಊರುಗೋಲು ಏಕೆ? ನಿಮ್ಮ ತಂತ್ರಾಂಶವೇ ನಿಜವಾದ ಪೋರ್ಟನ್ನು ತೆರೆದು, ಓದಿ, ಬಂದ ಬೈಟುಗಳನ್ನು ಹಾಗೆಯೇ ಒಂದು ಜೋಡಿಯ ಮೂಲಕ ಹಳೆಯದಕ್ಕೆ ದಾಟಿಸಲಿ. ಒಂದು ಜೋಡಿ ಸಾಕು, ಹಬ್ ಬೇಡ.

ಡ್ರೈವರ್ ವಿಷಯವನ್ನು ಯಾರೂ ಹೇಳಲಿಲ್ಲ. ಕಾಮ್-ಝೀರೋ-ಕಾಮ್ ಕೆಲಸ ಮಾಡುವುದು ಕರ್ನಲ್ ಮಟ್ಟದಲ್ಲಿ, ಅಂದರೆ ವಿಂಡೋಸಿನ ತಿರುಳಿನಲ್ಲಿ; 64 ಬಿಟ್ ವಿಂಡೋಸ್ ಡಿಜಿಟಲ್ ಸಹಿಯಿಲ್ಲದ ಕರ್ನಲ್ ಡ್ರೈವರನ್ನು ಒಳಗೆ ಬಿಡುವುದಿಲ್ಲ. ಸಹಿಯಿರುವ ಆವೃತ್ತಿಯೂ ಸೆಕ್ಯೂರ್ ಬೂಟ್ (ಶುರುವಾಗುವಾಗಲೇ ಸಹಿ ನೋಡುವ ಕಾವಲು) ಚಾಲ್ತಿಯಲ್ಲಿರುವ ಹೊಸ ಕಂಪ್ಯೂಟರುಗಳಲ್ಲಿ ತಿರಸ್ಕೃತವಾಗಿ ಡಿವೈಸ್ ಮ್ಯಾನೇಜರಿನಲ್ಲಿ ಹಳದಿ ಗುರುತು ಬೀಳುವುದುಂಟು. ಆಗ ಅಂತರ್ಜಾಲದಲ್ಲಿ ಸಿಗುವ ಮೊದಲ ಸಲಹೆ, ಪರೀಕ್ಷಾ ಸಹಿಯ ಡ್ರೈವರುಗಳನ್ನೂ ಒಳಗೆ ಬಿಡುವ ಸ್ಥಿತಿಗೆ ಹೋಗಿ ಎಂಬುದು. ಹಣದ ಲೆಕ್ಕವಿರುವ ಮಂಡಿಯ ಕಂಪ್ಯೂಟರಿನಲ್ಲಿ ದಯವಿಟ್ಟು ಅದನ್ನು ಮಾಡಬೇಡಿ. ಬಾಗಿಲಿನ ಚಿಲಕವನ್ನೇ ಕಿತ್ತಿಟ್ಟ ಹಾಗೆ ಆಗುತ್ತದೆ. ಸೂಕ್ತ ಸಹಿಯಿರುವ ವಾಣಿಜ್ಯ ತಂತ್ರಾಂಶವನ್ನು ಹಣ ಕೊಟ್ಟು ಕೊಳ್ಳುವುದು ಮೇಲು. ಅವುಗಳಲ್ಲಿ ಹಲವು ಹಂಚುವ ಕೆಲಸವನ್ನೂ ತಾವೇ ಮಾಡುತ್ತವೆ.

ಮತ್ತೊಂದು ಮಾತು, ತಂತ್ರಾಂಶಕ್ಕಿಂತ ಮಲೆನಾಡಿಗೆ ಸಂಬಂಧಿಸಿದ್ದು. ಆರ್‌ಎಸ್-232 ಎಂಬ ಈ ಬಗೆಯ ಸೀರಿಯಲ್ ಕೇಬಲಿಗೆ ರೂಢಿಯಲ್ಲಿ ಹೇಳುವ ಮಿತಿ ಸುಮಾರು 15 ಮೀಟರ್. ನಾನು ನೋಡಿಕೊಳ್ಳುತ್ತಿದ್ದ ಒಂದು ಕಡೆ ಲಾರಿ ತೂಕದ ಕಟ್ಟೆಯಿಂದ ಕಚೇರಿಯವರೆಗೆ ಅಂಗಳದ ಮೇಲೆಯೇ ಅದರ ಮೂರು ಪಟ್ಟು ಉದ್ದದ ತಂತಿ ಎಳೆದಿದ್ದರು. ವರ್ಷವಿಡೀ ನಡೆಯಿತು. ಭರಣಿ ಮಳೆಯ ಒಂದು ಸಂಜೆ ಗುಡುಗಿದಾಗ ಪರಿವರ್ತಕ, ಕಂಪ್ಯೂಟರಿನ ಯುಎಸ್‌ಬಿ ಕಿಂಡಿ ಮತ್ತು ತೂಕದ ಯಂತ್ರದ ಒಳಹಲಗೆ ಮೂರೂ ಒಟ್ಟಿಗೆ ಹೋದವು. ನಿಮ್ಮ ತಂತಿಯೂ ಹೊರಗಿನಿಂದ ಬರುತ್ತಿದ್ದರೆ ಅಲ್ಲೊಂದು ಸೀರಿಯಲ್-ಈಥರ್ನೆಟ್ ಪೆಟ್ಟಿಗೆಯಿಟ್ಟು, ನಡುವಿನ ದೂರವನ್ನು ಗಾಜಿನ ಎಳೆಯ ಆಪ್ಟಿಕಲ್ ಕೇಬಲಿನಲ್ಲಿ ದಾಟಿಸಿ. ಗಾಜಿನಲ್ಲಿ ವಿದ್ಯುತ್ ಹರಿಯುವುದಿಲ್ಲ. ಆಗ ಮೇಲೆ ಹೇಳಿದ ಮೂರನೆಯ ಬಗೆಯ ವರ್ಚುವಲ್ ಪೋರ್ಟ್ ಬೇಕಾಗುತ್ತದೆ, ಅಲ್ಲಿ ನನ್ನ ತಕರಾರಿಲ್ಲ.

ಹಳೆಯ ಮೋಡೆಮ್, ಸಾಗರ

ಕೊಡಚಾದ್ರಿ ಸಂಕೇತ ಅವರ ಡ್ರೈವರ್ ಮಾತು, ಸಿಡಿಲಿನ ಮಾತು ಎರಡನ್ನೂ ಒಪ್ಪುತ್ತೇನೆ. ಆದರೆ ಅವರ ವ್ಯವಸ್ಥೆಯಲ್ಲಿ ಇನ್ನೂ ಬರೆಯುತ್ತಿರುವ, ದಿನಕ್ಕೆರಡು ಸಲ ಮುಗ್ಗರಿಸುವ ತಂತ್ರಾಂಶವೊಂದು ಚೆನ್ನಾಗಿ ನಡೆಯುತ್ತಿರುವ ಬಿಲ್ಲಿಂಗಿನ ದಾರಿಯಲ್ಲಿ ಅಡ್ಡ ಕುಳಿತುಕೊಳ್ಳುತ್ತದೆ. ಹೊಸದು ಬಿದ್ದರೆ ಹಳೆಯದೂ ನಿಲ್ಲುತ್ತದೆ, ಅಡಿಕೆ ತಂದ ಬೆಳೆಗಾರ ಪಟ್ಟಿಗಾಗಿ ಕಾಯುತ್ತಾನೆ. ಹಬ್ ಸಣ್ಣದು, ಒಂದೇ ಕೆಲಸ ಮಾಡುತ್ತದೆ, ಬೀಳುವುದು ಅಪರೂಪ. ನಿಮ್ಮ ತಂತ್ರಾಂಶ ಪಳಗಿದ ಮೇಲೆ ಬೇಕಾದರೆ ಅವರ ದಾರಿಗೆ ಬನ್ನಿ.

ತುಂಗಾತೀರ

ಇಬ್ಬರಿಗೂ ಕೃತಜ್ಞತೆಗಳು. ನಮ್ಮ ಕೇಬಲ್ ಮಂಡಿಯ ಒಳಗೇ ಇದೆ, ನಾಲ್ಕು ಮೀಟರ್ ದಾಟುವುದಿಲ್ಲ. ಮಂಡಿಯ ಕಂಪ್ಯೂಟರ್ ಹಳೆಯದಾದ್ದರಿಂದ ಸಹಿಯಿರುವ ಡ್ರೈವರ್ ತಕರಾರಿಲ್ಲದೆ ಕುಳಿತಿತು.

ಮೊದಲು ಮನೆಯಲ್ಲಿ ಒಂದು ಜೋಡಿ ಮಾಡಿ, ಒಂದು ತುದಿಗೆ ತೂಕ ಕಳುಹಿಸುವ ಪುಟ್ಟ ಕಾರ್ಯಕ್ರಮವನ್ನೂ ಇನ್ನೊಂದಕ್ಕೆ ನನ್ನ ತಂತ್ರಾಂಶವನ್ನೂ ಜೋಡಿಸಿದೆ. ಮೂರು ದಿನ ಒಂದು ಅಂಕಿಯೂ ತಪ್ಪಲಿಲ್ಲ. ಧೈರ್ಯದಿಂದ ಶಿವಮೊಗ್ಗಕ್ಕೆ ಹೋದೆ. ಅಲ್ಲಿ ಹಳೆಯ ತಂತ್ರಾಂಶವನ್ನು ಮುಚ್ಚಿಸಿ, ಹಬ್ಬನ್ನು ಇನ್ನೂ ಸೇರಿಸದೆ, ನನ್ನದನ್ನು ನೇರವಾಗಿ ನಿಜವಾದ ಪೋರ್ಟಿಗೇ ಜೋಡಿಸಿದಾಗ ತೂಕದ ಕೆಲವು ಅಂಕಿಗಳು ಸರಿಯಾಗಿ ಬಂದವು, ಕೆಲವು ಜಾಗದಲ್ಲಿ ವಿಚಿತ್ರ ಚಿಹ್ನೆಗಳು. 0, 3, 5, 6, 9 ಯಾವಾಗಲೂ ಸರಿ. 1, 2, 4, 7, 8 ಯಾವಾಗಲೂ ತಪ್ಪು. ಬಾಡ್ ದರ (ಸೆಕೆಂಡಿಗೆ ಬರುವ ಬಿಟ್ಟುಗಳ ಸಂಖ್ಯೆ) ಯಂತ್ರದ ಪುಸ್ತಿಕೆಯಲ್ಲಿರುವ ಹಾಗೆ 9600 ಎಂದೇ ಕೊಟ್ಟಿದ್ದೇನೆ. ಕೇಬಲ್ ಕೆಟ್ಟಿರಬಹುದೇ?

ಹಳೆಯ ಮೋಡೆಮ್, ಸಾಗರ

ಕೇಬಲ್ ಕೆಟ್ಟರೆ ಅದು ಅಂಕಿ ನೋಡಿ ಕೆಡುವುದಿಲ್ಲ. ನೀವು ಗಮನವಿಟ್ಟು ಬರೆದುಕೊಂಡ ಆ ಹತ್ತು ಅಂಕಿಗಳಲ್ಲೇ ಉತ್ತರವಿದೆ: ನಿಮ್ಮ ಯಂತ್ರ ಕಳುಹಿಸುತ್ತಿರುವುದು 7 ಬಿಟ್ ದತ್ತಾಂಶ ಮತ್ತು ಸಮ ಪ್ಯಾರಿಟಿ (ಒಂದುಗಳ ಎಣಿಕೆ ಸಮವಾಗುವಂತೆ ಸೇರಿಸುವ ತಪಾಸಣೆಯ ಬಿಟ್), ನೀವು ಓದುತ್ತಿರುವುದು 8 ಬಿಟ್, ಪ್ಯಾರಿಟಿ ಇಲ್ಲದೆ. ಎರಡರಲ್ಲೂ ಆರಂಭದ ಮತ್ತು ಕೊನೆಯ ಬಿಟ್ ಸೇರಿ ಒಂದು ಅಕ್ಷರಕ್ಕೆ 10 ಬಿಟ್ ಆಗುವುದರಿಂದ ಅಕ್ಷರಗಳ ಗಡಿ ತಪ್ಪುವುದಿಲ್ಲ, ಹಾಗಾಗಿ ದೋಷದ ಸೂಚನೆಯೂ ಬರುವುದಿಲ್ಲ. ಆದರೆ ಪ್ಯಾರಿಟಿಯ ಬಿಟ್ಟನ್ನು ನಿಮ್ಮ ತಂತ್ರಾಂಶ ಎಂಟನೆಯ ಬಿಟ್ ಎಂದುಕೊಳ್ಳುತ್ತದೆ. ಅಕ್ಷರಗಳಿಗೆ ಸಂಖ್ಯೆ ಕೊಡುವ ಆಸ್ಕಿ ಪದ್ಧತಿಯಲ್ಲಿ 3ರ ಸಂಕೇತ 51. ಎರಡರ ಪದ್ಧತಿಯಲ್ಲಿ ಬರೆದರೆ ಅದರಲ್ಲಿ ನಾಲ್ಕು ಒಂದುಗಳಿವೆ, ಆಗಲೇ ಸಮಸಂಖ್ಯೆ, ಪ್ಯಾರಿಟಿ ಸೊನ್ನೆ, ಅಕ್ಷರ ಕೆಡಲಿಲ್ಲ. 1ರ ಸಂಕೇತ 49; ಅದರಲ್ಲಿ ಮೂರು ಒಂದುಗಳು, ಸಮ ಮಾಡಲು ಪ್ಯಾರಿಟಿ ಒಂದಾಯಿತು, ನಿಮಗೆ 128 ಸೇರಿ 177 ಎಂದು ಕಂಡಿತು. ಉಳಿದ ಎಂಟನ್ನು ನೀವೇ ಲೆಕ್ಕ ಹಾಕಿ ನೋಡಬಹುದು, ನಿಮ್ಮ ಪಟ್ಟಿಯೇ ಬರುತ್ತದೆ.

ಇನ್ನು ಮನೆಯಲ್ಲಿ ಏಕೆ ಸಿಕ್ಕಿಬೀಳಲಿಲ್ಲ ಎಂಬುದು. ವರ್ಚುವಲ್ ಜೋಡಿಯಲ್ಲಿ ತಂತಿಯಿಲ್ಲ, ಬಿಟ್ಟುಗಳಿಲ್ಲ. ಬೈಟುಗಳು ಒಂದು ಸ್ಮೃತಿಯಿಂದ ಇನ್ನೊಂದಕ್ಕೆ ನಕಲಾಗುತ್ತವೆ ಅಷ್ಟೇ. ಒಂದು ತುದಿಯನ್ನು 2400ಕ್ಕೂ ಇನ್ನೊಂದನ್ನು 9600ಕ್ಕೂ ಇಟ್ಟರೂ ಅದು ಮುಖ ಸಿಂಡರಿಸುವುದಿಲ್ಲ. ಬಾಡ್ ದರ, ಪ್ಯಾರಿಟಿ, ಕೇಬಲಿನ ಅಡ್ಡ-ನೇರ ಇವುಗಳ ತಪ್ಪನ್ನು ವರ್ಚುವಲ್ ಪೋರ್ಟಿನಲ್ಲಿ ಹಿಡಿಯಲು ಬರುವುದಿಲ್ಲ. ಅವು ಏನಿದ್ದರೂ ನಿಜವಾದ ಯಂತ್ರದ ಮುಂದೆಯೇ ತಿಳಿಯಬೇಕು.

ಮಂದಗತಿ, ಶೃಂಗೇರಿ

ಮನೆಯ ಪರೀಕ್ಷೆಯ ಬಗ್ಗೆ ನನ್ನದೊಂದು ಮಾತು ಸೇರಿಸುತ್ತೇನೆ. ಅಕ್ಷರಗಳ ಬರವಿನ ಗತಿಯೂ ಜೋಡಿಯಲ್ಲಿ ಸುಳ್ಳೇ. 9600 ಬಾಡ್‌ನಲ್ಲಿ ಸೆಕೆಂಡಿಗೆ 960 ಅಕ್ಷರ ಮಾತ್ರ ಬರುತ್ತವೆ, ಅಂದರೆ 16 ಅಕ್ಷರಗಳ ಒಂದು ತೂಕದ ಸಾಲಿಗೆ ಸುಮಾರು 17 ಮಿಲಿಸೆಕೆಂಡು ಬೇಕು. ನಿಜವಾದ ಪೋರ್ಟಿನಲ್ಲಿ ನೀವು ಓದಿದಾಗ ಅರ್ಧ ಸಾಲು ಕೈಗೆ ಸಿಕ್ಕುವುದು ಸಾಮಾನ್ಯ. ಜೋಡಿಯಲ್ಲಿ ಇಡೀ ಸಾಲು ಒಂದೇ ಸಲಕ್ಕೆ ಬಂದುಬೀಳುವುದರಿಂದ ಒಂದು ಓದು ಎಂದರೆ ಒಂದು ತೂಕ ಎಂಬ ತಪ್ಪು ನಂಬಿಕೆಯಲ್ಲೇ ಕೋಡ್ ಬೆಳೆದುಬಿಡುತ್ತದೆ. ಮೊದಲ ಅಂಕಿ ಹಿಂದಿನ ಓದಿನಲ್ಲಿ ಉಳಿದು 68.4 ಕಿಲೋ ಎಂಬುದು 8.4 ಆದರೆ ಏನಾಗುತ್ತದೆಂದು ಮಂಡಿಯವರಿಗೆ ಹೇಳಬೇಕಾಗಿಲ್ಲ. ಬಂದದ್ದನ್ನೆಲ್ಲ ಒಂದು ಕಡೆ ಕೂಡಿಸುತ್ತಾ ಹೋಗಿ, ಸಾಲಿನ ಕೊನೆಯ ಗುರುತು, ಬಹುತೇಕ ಯಂತ್ರಗಳಲ್ಲಿ 13ನೆಯ ಸಂಕೇತ, ಬಂದ ಮೇಲೆಯೇ ಬಿಡಿಸಿ. ಉದ್ದ ತಪ್ಪಿದ ಸಾಲನ್ನು ಎಸೆಯಿರಿ. ಕಾಮ್-ಝೀರೋ-ಕಾಮ್‌ನಲ್ಲಿ ಬಾಡ್ ದರವನ್ನು ಅನುಕರಿಸುವ ಆಯ್ಕೆಯೊಂದಿದೆ, ಮೊದಲಿಗೆ ಅದು ಆರಿರುತ್ತದೆ. ಅದನ್ನು ಹಚ್ಚಿಕೊಂಡು ಪರೀಕ್ಷಿಸಿದರೆ ಈ ತಪ್ಪು ಮನೆಯಲ್ಲೇ ಸಿಗುತ್ತದೆ.

ನಾನು ಲಿನಕ್ಸ್ ಬಳಸುವವನು. ಅಲ್ಲಿ ಡ್ರೈವರಿನ ಗೊಡವೆಯೇ ಇಲ್ಲ: ಸೊಕ್ಯಾಟ್ ಎಂಬ ಸಣ್ಣ ಸಾಧನಕ್ಕೆ ಪೋರ್ಟಿನಂತೆ ವರ್ತಿಸುವ ಎರಡು ಹುಸಿ ಟರ್ಮಿನಲ್ಲುಗಳನ್ನು ತೆರೆದು ಒಂದಕ್ಕೊಂದು ಕಟ್ಟಲು ಹೇಳಿದರೆ ಜೋಡಿ ಸಿದ್ಧ. ಎರಡನ್ನೂ ಬೈಟುಗಳನ್ನು ಬದಲಿಸದ ಕಚ್ಚಾ ಸ್ಥಿತಿಯಲ್ಲಿ, ಪ್ರತಿಧ್ವನಿ ಆಫ್ ಮಾಡಿ ತೆರೆಯಬೇಕು. ಮರೆತರೆ ಕಳುಹಿಸಿದ್ದೇ ಮರಳಿ ಬಂದು ಎರಡು ತುದಿಗಳೂ ಒಂದನ್ನೊಂದು ಅಣಕಿಸುತ್ತಾ ಕೂರುತ್ತವೆ. ಆರ್‌ಟಿಎಸ್, ಡಿಟಿಆರ್‌ನಂಥ ನಿಯಂತ್ರಣ ತಂತಿಗಳು ಹುಸಿ ಟರ್ಮಿನಲ್ಲಿನಲ್ಲಿ ಇರುವುದಿಲ್ಲ, ಅವನ್ನು ಕೇಳುವ ತಂತ್ರಾಂಶಕ್ಕೆ ಟಿಟಿವೈ-ಝೀರೋ-ಟಿಟಿವೈ ಎಂಬ ಕರ್ನಲ್ ಘಟಕ ಹಾಕಿಕೊಳ್ಳಬೇಕಾಗುತ್ತದೆ.

ಇನ್ನೊಂದು ಉಪಾಯ. ಕಲ್ಪನೆಯ ತೂಕಗಳನ್ನು ಕಳುಹಿಸಬೇಡಿ. ಮುಂದಿನ ಸಲ ಮಂಡಿಗೆ ಹೋದಾಗ ಅರ್ಧ ದಿನ ಯಂತ್ರ ಕಳುಹಿಸುವ ಬೈಟುಗಳನ್ನು, ಒಂದೊಂದು ಸಾಲಿನ ಹೊತ್ತನ್ನೂ ಸೇರಿಸಿ, ಕಡತದಲ್ಲಿ ಹಿಡಿದಿಟ್ಟುಕೊಳ್ಳಿ. ಮನೆಯಲ್ಲಿ ಅದೇ ಗತಿಯಲ್ಲಿ ಜೋಡಿಗೆ ಸುರಿಯಿರಿ. ಹಮಾಲರು ಚೀಲವನ್ನು ದೊಪ್ಪನೆ ಇಳಿಸಿದಾಗ ತೂಕ ಮೇಲೆ ಹಾರಿ ತೂಗಾಡಿ ನಿಲ್ಲುತ್ತದೆಯಲ್ಲ, ಆ ಅಸ್ಥಿರ ಸಾಲುಗಳು ನೀವು ಮೇಜಿನ ಮುಂದೆ ಕುಳಿತು ಕಲ್ಪಿಸಿದರೆ ಬರುವಂಥವಲ್ಲ.

ಕೊಡಚಾದ್ರಿ ಸಂಕೇತ, ಹೊಸನಗರ

ಆ ಕಡತದ ವಿಷಯದಲ್ಲಿ ಒಂದು ಜಾಗ್ರತೆ. ಯಂತ್ರವಿಲ್ಲದೆ ತೂಕ ಹುಟ್ಟಿಸುವ ಕಾರ್ಯಕ್ರಮವನ್ನು ಮಂಡಿಯ ಕಂಪ್ಯೂಟರಿನಲ್ಲಿ ಒಂದು ಗಳಿಗೆಯೂ ಇಡಬೇಡಿ. ಕಾನೂನು ಮಾಪನಶಾಸ್ತ್ರ ಇಲಾಖೆಯವರು ಪರೀಕ್ಷಿಸಿ ಮುದ್ರೆ ಹಾಕುವುದು ತೂಕದ ಯಂತ್ರಕ್ಕೆ. ಅಲ್ಲಿಂದ ಪಟ್ಟಿಯವರೆಗಿನ ದಾರಿಯಲ್ಲಿ ಈಗ ನಾವು ತೂರಿಸುತ್ತಿರುವ ಪೋರ್ಟುಗಳಿಗೆ ಯಾರ ಮುದ್ರೆಯೂ ಇಲ್ಲ. ಬೆಳೆಗಾರನ ಕಣ್ಣಿರುವುದು ಯಂತ್ರದ ಕೆಂಪು ಅಂಕಿಗಳ ಮೇಲೆ. ಪಟ್ಟಿಯಲ್ಲಿ ಬೇರೆ ಅಂಕಿ ಬಂದರೆ, ಅದು ಪ್ರಾಮಾಣಿಕ ತಪ್ಪೇ ಆಗಿದ್ದರೂ, ಯಾರೂ ನಿಮ್ಮ ಪ್ಯಾರಿಟಿಯ ಕಥೆ ಕೇಳುವುದಿಲ್ಲ.

ತುಂಗಾತೀರ

ಪ್ಯಾರಿಟಿ ಬದಲಿಸಿದ ತಕ್ಷಣ ಹತ್ತೂ ಅಂಕಿ ಸರಿಯಾದವು. ಎಂಟನ್ನೂ ಲೆಕ್ಕ ಹಾಕಿ ನೋಡಿದೆ, ನೀವು ಹೇಳಿದಂತೆಯೇ ಇದೆ. ಈಗ ಹಬ್ ವ್ಯವಸ್ಥೆಯಲ್ಲಿ ಎರಡೂ ತಂತ್ರಾಂಶಗಳು ಒಟ್ಟಿಗೆ ತೂಕ ಓದುತ್ತಿವೆ. ಹಬ್ಬನ್ನು ಕಂಪ್ಯೂಟರ್ ಶುರುವಾಗುವಾಗಲೇ ಏಳುವಂತೆ ಟಾಸ್ಕ್ ಶೆಡ್ಯೂಲರಿನಲ್ಲಿ ಹಾಕಿದ್ದೇನೆ.

ಇನ್ನು ಎರಡು ತೊಡಕು ಉಳಿದಿವೆ. ನನ್ನ ತಂತ್ರಾಂಶವನ್ನು ಮುಚ್ಚಿ ಬಹಳ ಹೊತ್ತಾದರೆ ಹಳೆಯದಕ್ಕೂ ತೂಕ ಬರುವುದು ತಡವಾಗಿ, ಕೊನೆಗೆ ನಿಂತೇಹೋಗುತ್ತದೆ. ಮತ್ತೆ, ನಿನ್ನೆ ಕರೆಂಟು ಹೋಗಿ ಬಂದ ಮೇಲೆ ಯಾರೋ ಪರಿವರ್ತಕವನ್ನು ಕಿತ್ತು ಪಕ್ಕದ ಯುಎಸ್‌ಬಿ ಕಿಂಡಿಗೆ ಚುಚ್ಚಿದ್ದಾರೆ. ಕಾಮ್ 8 ಹೋಗಿ ಕಾಮ್ 9 ಆಗಿದೆ, ಮರಳಿ 8 ಎಂದು ಕೊಡಲು ಹೋದರೆ ಅದು ಬಳಕೆಯಲ್ಲಿದೆ ಎನ್ನುತ್ತದೆ.

ಹಳೆಯ ಮೋಡೆಮ್, ಸಾಗರ

ಮೊದಲನೆಯದಕ್ಕೆ: ಕಾಮ್ 5ನ್ನು ಓದುವವರಿಲ್ಲದಾಗ ಅಲ್ಲಿಗೆ ಬರೆದದ್ದು ಕಟ್ಟಿಕೊಂಡು, ಹಬ್ ಅದರ ದಾರಿ ಕಾಯುತ್ತದೆ. ನಿಜವಾದ ತಂತಿಯಲ್ಲಿ ಕೇಳುವವರಿಲ್ಲದ ಅಕ್ಷರ ಕಳೆದುಹೋಗುತ್ತದೆ. ಇಲ್ಲಿಯೂ ಹಾಗೆಯೇ ಆಗಬೇಕಾದರೆ ಜೋಡಿಯ ಆಯ್ಕೆಗಳಲ್ಲಿ ಬಫರ್ ಓವರ್‌ರನ್ ಅನುಕರಣೆ ಎಂಬುದನ್ನು ಹಚ್ಚಬೇಕು. ಎರಡೂ ಜೋಡಿಗಳಿಗೆ ಹಚ್ಚಿ.

ಎರಡನೆಯದಕ್ಕೆ: ತನ್ನದೇ ಕ್ರಮಸಂಖ್ಯೆಯಿಲ್ಲದ ಅಗ್ಗದ ಪರಿವರ್ತಕಗಳನ್ನು ವಿಂಡೋಸ್ ಯಾವ ಕಿಂಡಿಯಲ್ಲಿವೆ ಎಂಬುದರಿಂದಲೇ ಗುರುತಿಸುತ್ತದೆ, ಕಿಂಡಿ ಬದಲಾದರೆ ಅದರ ಪಾಲಿಗೆ ಅದು ಹೊಸ ವಸ್ತು, ಹಳೆಯ ಸಂಖ್ಯೆ ಹಳೆಯದರ ಹೆಸರಿನಲ್ಲೇ ಕಾದಿರಿಸಿರುತ್ತದೆ. ಡಿವೈಸ್ ಮ್ಯಾನೇಜರಿನಲ್ಲಿ ಮರೆಯಾಗಿರುವ ಸಾಧನಗಳನ್ನು ತೋರಿಸಲು ಹೇಳಿ, ಮಸುಕಾಗಿ ಕಾಣುವ ಹಳೆಯ ಕಾಮ್ 8ನ್ನು ತೆಗೆದುಹಾಕಿ, ಬಳಿಕ ಹೊಸದಕ್ಕೆ 8 ಕೊಡಿ. ಕೊಳ್ಳುವ ಸಂದರ್ಭ ಬಂದರೆ ಒಳಗೆ ಕ್ರಮಸಂಖ್ಯೆಯಿರುವ ಎಫ್‌ಟಿಡಿಐ ಚಿಪ್ಪಿನ ಪರಿವರ್ತಕವನ್ನೇ ಕೊಳ್ಳಿ, ಅದು ಯಾವ ಕಿಂಡಿಗೆ ಹೋದರೂ ತನ್ನ ಸಂಖ್ಯೆಯನ್ನು ಒಯ್ಯುತ್ತದೆ.

ತುಂಗಾತೀರ

ಎರಡೂ ಸರಿಹೋದವು. ನನ್ನ ತಂತ್ರಾಂಶವನ್ನು ಬೇಕೆಂದೇ ಇಡೀ ಬೆಳಿಗ್ಗೆ ಮುಚ್ಚಿಟ್ಟು ನೋಡಿದೆ, ಬಿಲ್ಲಿಂಗ್ ಒಮ್ಮೆಯೂ ತಡವರಿಸಲಿಲ್ಲ. ಪರಿವರ್ತಕ ಈಗಿರುವ ಕಿಂಡಿಯ ಸುತ್ತ ಕೆಂಪು ಬಣ್ಣ ಬಳಿದು, ಉಳಿದ ಕಿಂಡಿಗಳಿಗೆ ಟೇಪು ಅಂಟಿಸಿ ಬಂದಿದ್ದೇನೆ.